ಹಿಜ್ಕೀಯನ ಸುರಂಗಕ್ಕೆ ಅರ್ಧ ದಿನದ ಗೈಡ್: ನಮ್ಮ ಅನುಭವ

ಚರ್ಚಿನ ಗುಂಪಿನ ಜೊತೆ ಯೆರೂಸಲೇಮಿಗೆ ಹೋಗುವವರಿಗೆ ಮೊದಲೇ ಹೇಳಿಬಿಡುತ್ತೇನೆ. ಬೈಬಲಿನಲ್ಲಿ ಬರುವ ಯೆಹೂದದ ಅರಸ ಹಿಜ್ಕೀಯ ಕೊರೆಸಿದ್ದು ಎನ್ನುವ ನೀರಿನ ಸುರಂಗ ಅಲ್ಲಿದೆ. ನಿಮ್ಮ ಪ್ಯಾಕೇಜಿನಲ್ಲಿ ಆ ಸುರಂಗ ಇಲ್ಲದಿದ್ದರೆ ಅರ್ಧ ದಿನ ಬಿಡುವು ಕೇಳಿ, ಬೇರೆ ಗೈಡ್ ಗೊತ್ತು ಮಾಡಿಕೊಂಡು ಹೋಗಿ. ನಾವು ಐದು ಜನ ಹಾಗೇ ಮಾಡಿದೆವು. ಉಳಿದವರು ಆ ಹೊತ್ತಿನಲ್ಲಿ ಆಲಿವ್ ಮರದ ಶಿಲುಬೆ ಕೊಳ್ಳಲು ಅಂಗಡಿಗೆ ಹೋದರು.

ನಾನು ಹುಬ್ಬಳ್ಳಿಯಲ್ಲಿ ಮೂವತ್ತು ವರ್ಷ ಹೈಸ್ಕೂಲು ಮಕ್ಕಳಿಗೆ ಇತಿಹಾಸ ಹೇಳಿಕೊಟ್ಟವಳು. ಭಾನುವಾರ ಸಂಡೇ ಸ್ಕೂಲ್. ಹಾಗಾಗಿ ಕಲ್ಲೂ ಬೇಕು, ಬೈಬಲಿನ ವಾಕ್ಯವೂ ಬೇಕು. ಎರಡನ್ನೂ ಕೊಡುವ ಗೈಡ್ ಸಿಗುವುದು ಕಷ್ಟ. ಕೆಲವರು ಪ್ರತಿ ಕಲ್ಲಿಗೂ "ನೋಡಿ, ಬೈಬಲ್ ನಿಜವಾಯ್ತು" ಅನ್ನುತ್ತಾರೆ. ನಮಗೆ ಸಿಕ್ಕವರು ಹಾಗಲ್ಲ. ಉತ್ಖನನದಲ್ಲಿ ಕೆಲಸ ಮಾಡಿದ ಮನುಷ್ಯ. ಶುರುವಿನಲ್ಲೇ ಹೇಳಿದರು: "ನಾನು ಕ್ರೈಸ್ತನಲ್ಲ. ಕಲ್ಲಿನ ವಿಷಯ ನಾನು ಹೇಳ್ತೀನಿ. ವಾಕ್ಯ ನೀವೇ ಓದಿ, ನಿಮ್ಮ ಭಾಷೆಯಲ್ಲೇ ಓದಿ." ಈ ಮಾತು ನನಗೆ ತುಂಬಾ ಹಿಡಿಸಿತು.

ಬೆಳಿಗ್ಗೆ ಎಂಟಕ್ಕೆ ಹೋಟೆಲಿಗೇ ಬಂದರು. ಟೀ ಕುಡಿಯುತ್ತಾ "ವಿಮಾನ ಇಳಿದ ಜಾಗ ನೆನಪಿದೆಯಾ?" ಎಂದು ಕೇಳಿದರು. ಅದರ ಪಕ್ಕದ ಊರು ಲೋದ್. ಹಳೆಯ ಹೆಸರು ಡಿಯೊಸ್ಪೊಲಿಸ್. ಕ್ರಿ.ಶ. 415ರ ಡಿಸೆಂಬರಿನಲ್ಲಿ 14 ಬಿಷಪ್ಪರು ಅಲ್ಲಿ ಕೂತು ಪೆಲಾಗಿಯಸ್ ಎಂಬ ಸನ್ಯಾಸಿಯ ವಿಚಾರಣೆ ಮಾಡಿದ್ದರು. ಮನುಷ್ಯ ಮನಸ್ಸು ಮಾಡಿದರೆ ಒಳ್ಳೆಯವನಾಗಿ ಬಾಳಬಹುದು ಅನ್ನುವುದು ಅವನ ಬೋಧನೆ. ಅವರು ಅವನನ್ನು ನಿರ್ದೋಷಿ ಎಂದು ಬಿಟ್ಟರು. ಉತ್ತರ ಆಫ್ರಿಕದ ಹಿಪ್ಪೋದಲ್ಲಿದ್ದ ಬಿಷಪ್ ಅಗಸ್ಟೀನನಿಗೆ ಇದು ಸಮಾಧಾನ ತರಲಿಲ್ಲ. ಆ ಮನಸ್ಸನ್ನು ಒಳ್ಳೆಯದರ ಕಡೆ ತಿರುಗಿಸುವುದಕ್ಕೂ ದೇವರ ಕೃಪೆಯೇ ಬೇಕು ಎಂದು ಅವನ ವಾದ. 418ರಲ್ಲಿ ಕಾರ್ಥೇಜಿನ ಸಭೆ ಪೆಲಾಗಿಯಸನ ಬೋಧನೆಯನ್ನು ಖಂಡಿಸಿತು. ಇಷ್ಟು ವರ್ಷ ಪುಸ್ತಕದಲ್ಲಿ ಓದಿದ ಜಗಳ, ನಾವು ಸೂಟ್‌ಕೇಸ್ ಎಳೆದುಕೊಂಡು ಬಂದ ದಾರಿಯ ಪಕ್ಕದಲ್ಲೇ ನಡೆದಿತ್ತು ಅಂದರೆ ಮೈ ಜುಮ್ ಅಂತು.

ಆಮೇಲೆ ಸುರಂಗ. ಗೀಹೋನ್ ಬುಗ್ಗೆಯಿಂದ ಸಿಲೋವ ಕೊಳದವರೆಗೆ 533 ಮೀಟರ್. ನೆಟ್ಟಗೆ ಅಳೆದರೆ ಸುಮಾರು 320 ಮೀಟರ್ ಅಷ್ಟೇ, ಆದರೆ ಹಾವಿನ ಹಾಗೆ ಸುತ್ತಿಕೊಂಡು ಹೋಗುತ್ತದೆ. ಶುರುವಿನಲ್ಲಿ ನೀರು ತೊಡೆಯವರೆಗೆ ಬಂತು. ತಣ್ಣಗೆ ಕೊರೆಯುತ್ತದೆ. ಎರಡೂ ಭುಜ ಗೋಡೆಗೆ ತಾಗುತ್ತವೆ. ಕೆಲವು ಕಡೆ ತಲೆ ಬಗ್ಗಿಸಲೇಬೇಕು.

ನಡುವೆ ಒಂದು ಕಡೆ ಗೈಡ್ ನಿಲ್ಲಿಸಿ, ನನ್ನ ಕೈ ಹಿಡಿದು ಗೋಡೆಯ ಮೇಲಿಟ್ಟರು. ಉಳಿಯ ಗುರುತುಗಳು. ಒಂದೊಂದು ಗೀರೂ ಬೆರಳಿಗೆ ಸಿಗುತ್ತದೆ. ಅಲ್ಲಿಯವರೆಗೆ ಗೀರುಗಳೆಲ್ಲ ಒಂದೇ ದಿಕ್ಕಿಗೆ ವಾಲಿದ್ದವು. ನಾಲ್ಕು ಹೆಜ್ಜೆ ಮುಂದೆ ಹೋದರೆ ಎದುರು ದಿಕ್ಕಿಗೆ! ಎರಡು ತಂಡ ಎರಡು ತುದಿಯಿಂದ ಕೊರೆದು ಇಲ್ಲಿ ಸೇರಿದ್ದು. ಹತ್ತಿರದಲ್ಲೇ ಒಂದೆರಡು ಕಡೆ ತಪ್ಪು ದಿಕ್ಕಿಗೆ ಸ್ವಲ್ಪ ಕೊರೆದು ಬಿಟ್ಟ ಜಾಗವೂ ಇದೆ. ಬಂಡೆಯ ಒಳಗಿಂದ ಒಬ್ಬನ ಕೂಗು ಇನ್ನೊಬ್ಬನಿಗೆ ಕೇಳಿಸಿತು ಎಂದು ಹೇಳುವ ಶಾಸನ 1880ರಲ್ಲಿ ಸಿಕ್ಕಿತು. ಈಗ ಇಸ್ತಾಂಬುಲ್ ಮ್ಯೂಸಿಯಮ್ಮಿನಲ್ಲಿದೆ. ಗೈಡ್ ಲ್ಯಾಮಿನೇಟ್ ಮಾಡಿಸಿದ ಫೋಟೋ ತೋರಿಸಿದರು. ಆರು ಸಾಲು. ನೀರು 1200 ಮೊಳ ಹರಿಯಿತು ಎಂದಿದೆ. ರಾಜನ ಹೆಸರಿಲ್ಲ. ದೇವರ ಹೆಸರೂ ಇಲ್ಲ.

ಹಾಗಾದರೆ ಇದು ಹಿಜ್ಕೀಯನದೇ ಅಂತ ಹೇಗೆ ಗೊತ್ತು ಎಂದು ಕೇಳಿದೆ. 2003ರಲ್ಲಿ ಪ್ರಕಟವಾದ ಪರೀಕ್ಷೆಯ ಬಗ್ಗೆ ಹೇಳಿದರು. ಗಾರೆಯೊಳಗೆ ಸಿಕ್ಕಿಕೊಂಡ ಗಿಡದ ಚೂರು, ಛಾವಣಿಯಿಂದ ಇಳಿದ ಸುಣ್ಣದ ಕೋಲು, ಎರಡರ ವಯಸ್ಸೂ ಕ್ರಿ.ಪೂ. 700ರ ಸುತ್ತಮುತ್ತಲಿಗೆ ಹೊಂದುತ್ತದೆ. ಅಶ್ಶೂರದ ಅರಸ ಸನ್ಹೇರೀಬ ಹಿಜ್ಕೀಯನ ಮೇಲೆ ದಂಡೆತ್ತಿ ಬಂದದ್ದು ಕ್ರಿ.ಪೂ. 701ರಲ್ಲಿ. ಕೇಳಿದ ಪ್ರಶ್ನೆಗೆ ಇಷ್ಟು ಸರಿಯಾಗಿ ಉತ್ತರ ಕೊಡುವ ಗೈಡ್ ಅಪರೂಪ.

ನಲವತ್ತು ನಿಮಿಷ ನಡೆದು ಹೊರಗೆ ಬಂದೆವು. ಒದ್ದೆ ಬಟ್ಟೆಯಲ್ಲೇ ಸಿಲೋವದ ಮೆಟ್ಟಿಲ ಮೇಲೆ ಕೂತೆವು. 2004ರಲ್ಲಿ ಚರಂಡಿ ಪೈಪ್ ರಿಪೇರಿ ಮಾಡುವಾಗ ಕಂಡ ಮೆಟ್ಟಿಲುಗಳವು. ಅಲ್ಲಿ ಕನ್ನಡದಲ್ಲಿ ಓದಿದೆವು. ಮೊದಲು ಬೈಬಲಿನ ಎರಡನೇ ಅರಸುಗಳು 20:20. ಹಿಜ್ಕೀಯ ಕಾಲುವೆ ಮಾಡಿಸಿದ್ದನ್ನು ಅವನ ಸಾಧನೆ ಎಂದು ಬರೆದಿದೆ. ಆಮೇಲೆ ಯೆಶಾಯ 22:11. ಅಲ್ಲಿ ಪ್ರವಾದಿಗೆ ಬೇಸರ. ನೀರು ಕೂಡಿಸಿದಿರಿ, ಗೋಡೆ ಭದ್ರ ಮಾಡಿದಿರಿ, ಇದನ್ನೆಲ್ಲ ಬಹಳ ಹಿಂದೆಯೇ ಯೋಚಿಸಿದ್ದವನ ಕಡೆ ಕಣ್ಣೆತ್ತಿ ನೋಡಲಿಲ್ಲ ಅನ್ನುತ್ತಾನೆ. ಯೆಶಾಯ ಹೇಳುವುದು ಇದೇ ಸುರಂಗದ ಮಾತು ಎಂದು ಗೈಡ್ ಒಪ್ಪಲಿಲ್ಲ, ಆದರೆ ನಗರದ ನೀರಿನ ಕೆಲಸದ ಮಾತು ಎಂದರು. ನನಗೆ ಅಷ್ಟು ಸಾಕಿತ್ತು. ಅಗೆದದ್ದು ತಪ್ಪು ಎಂದು ಯೆಶಾಯ ಹೇಳಲೇ ಇಲ್ಲ, ಅಲ್ವಾ? ನೋಡದೇ ಹೋದದ್ದಕ್ಕೆ ಬೈದ.

ಇದು ನನಗೆ ಸುಮ್ನೆ ಬೈಬಲ್ ಸ್ಟಡಿ ಆಗಿರಲಿಲ್ಲ. ನಾಲ್ಕು ವರ್ಷದ ಹಿಂದೆ ನಮ್ಮ ಯಜಮಾನರಿಗೆ ಬೈಪಾಸ್ ಆಯಿತು. ಆಗ ಪರಿಚಯದವರೊಬ್ಬರು "ದೇವರ ಚಿತ್ತಕ್ಕೆ ಬಿಡಿ, ಆಪರೇಷನ್ ಯಾಕೆ?" ಅಂದಿದ್ದರು. ಆ ಮಾತು ಮುಳ್ಳಿನ ಹಾಗೆ ಉಳಿದುಬಿಟ್ಟಿತ್ತು. ಯಜಮಾನರು ನೀರಿನ ಸುರಂಗಕ್ಕೆ ಬರಲಿಲ್ಲ. ಅವರಿಗೆ ಗೈಡ್ ಒಣ ಸುರಂಗದ, ಅಂದರೆ ಅಲ್ಲೇ ಇರುವ ನೀರಿಲ್ಲದ ಇನ್ನೊಂದು ಸುರಂಗದ ದಾರಿ ತೋರಿಸಿದ್ದರು. ಅದನ್ನು ಮುಗಿಸಿ, ಮೇಲಿನ ದಾರಿಯಲ್ಲಿ ನಿಧಾನಕ್ಕೆ ನಡೆದು ಮೆಟ್ಟಿಲ ಹತ್ತಿರ ಬಂದಿದ್ದರು. ಅವರ ಪಕ್ಕ ಕೂತು ಅದೇ 20ನೇ ಅಧ್ಯಾಯದ ಶುರುವನ್ನೂ ಓದಿದೆ. ಕಾಯಿಲೆ ಬಿದ್ದ ಹಿಜ್ಕೀಯನಿಗೆ ನೀನು ಸಾಯುತ್ತೀ ಎಂದು ಹೇಳಿ ಹೊರಟ ಯೆಶಾಯ, ನಡುವಣ ಅಂಗಳ ದಾಟುವ ಮೊದಲೇ ವಾಪಸ್ ಬರುತ್ತಾನೆ. ಹಿಜ್ಕೀಯನ ಕಣ್ಣೀರು ನೋಡಿ ದೇವರು ಇನ್ನೂ 15 ವರ್ಷ ಕೊಟ್ಟ. ಬೇಡಿದ್ದಕ್ಕೆ ಕೊಟ್ಟ ಮಾತ್ರಕ್ಕೆ ದೇವರ ಸ್ವಾತಂತ್ರ್ಯ ಕಮ್ಮಿಯಾಗಲಿಲ್ಲ. ಆ ಬೇಡಿಕೆಯ ಮೂಲಕವೇ ಕೊಡಬೇಕೆಂದು ಅವನು ಮೊದಲೇ ಇಟ್ಟಿರುತ್ತಾನೆ ಎಂದು ದೇವತಾಶಾಸ್ತ್ರಜ್ಞ ಥಾಮಸ್ ಅಕ್ವಿನಾಸ್ 13ನೇ ಶತಮಾನದಲ್ಲೇ ಬರೆದಿದ್ದಾನೆ. ಮಾತು ಕೊಟ್ಟ ಮೇಲೂ ಯೆಶಾಯ ಹಿಜ್ಕೀಯನ ಹುಣ್ಣಿಗೆ ಮದ್ದಾಗಿ ಅಂಜೂರದ ಉಂಡೆ ತರಿಸಿ ಕಟ್ಟಿಸುತ್ತಾನೆ. "ಅಂಜೂರದ್ದು ಇನ್ನೊಂದ್ಸಲ ಓದು" ಎಂದರು ಯಜಮಾನರು. ಓದಿದೆ.

ಕೊರತೆ ಇಲ್ಲವೇ ಇಲ್ಲ ಅಂತಲ್ಲ. ಗೈಡ್ ಇಂಗ್ಲಿಷ್ ತುಂಬಾ ಜೋರಾಗಿ ಓಡುತ್ತದೆ, ನಿಧಾನ ಎಂದು ಎರಡು ಸಲ ಹೇಳಬೇಕಾಯಿತು. ಸುರಂಗದ ಮೇಲೆ ಸಿಲ್ವಾನ್ ಎಂಬ ಬಡಾವಣೆಯ ಪ್ಯಾಲೆಸ್ಟೀನಿ ಮನೆಗಳಿವೆ. ಅಲ್ಲಿನ ಅಗೆತದ ಬಗ್ಗೆ ದೊಡ್ಡ ತಕರಾರಿದೆ. ಅದನ್ನು ಒಂದೇ ಮಾತಿನಲ್ಲಿ ಮುಗಿಸಿಬಿಟ್ಟರು. ಆ ಮನೆಗಳ ಜನರ ಬಗ್ಗೆ ಇನ್ನೂ ಕೇಳಬೇಕಿತ್ತು ನನಗೆ.

ದುಡ್ಡು ತಲೆಗೆ ಇಷ್ಟು ಅಂತಲ್ಲ, ಇಡೀ ಗುಂಪಿಗೆ ಒಂದೇ ದರ. ಐದಾರು ಜನ ಸೇರಿದರೆ ಭಾರ ಅನ್ನಿಸದು. ಮಂಡಿ ನೋವಿದ್ದವರು, ಇಕ್ಕಟ್ಟಿನಲ್ಲಿ ಉಸಿರು ಕಟ್ಟುವವರು ಒಣ ಸುರಂಗವನ್ನೇ ಆರಿಸಿಕೊಳ್ಳಿ. ಸೀರೆ ಬೇಡ, ಮಂಡಿ ಮೇಲೆ ಮಡಿಸಲು ಬರುವ ಪ್ಯಾಂಟ್ ಹಾಕಿ. ಹವಾಯಿ ಚಪ್ಪಲಿ ನೀರಿನಲ್ಲಿ ಕಳಚಿಕೊಳ್ಳುತ್ತದೆ, ಹಿಂದೆ ಪಟ್ಟಿ ಇರುವ ಸ್ಯಾಂಡಲ್ ಇರಲಿ. ಒಬ್ಬೊಬ್ಬರಿಗೂ ಟಾರ್ಚ್ ಬೇಕು. ಸತ್ಯವೇದವನ್ನು ಪ್ಲಾಸ್ಟಿಕ್ ಕವರಿನಲ್ಲಿ ಸುತ್ತಿಕೊಳ್ಳಿ. ನನ್ನದರಲ್ಲಿ ಯೆಶಾಯನ ಪುಟಗಳು ಇನ್ನೂ ಸುಕ್ಕಾಗಿಯೇ ಇವೆ.