ಒಂದು ಬಾಗಿಲೋ, ಎರಡು ಬಾಗಿಲೋ: ಮೂರು ಫ್ರಿಜ್‌ಗಳ ಕರೆಂಟ್ ಲೆಕ್ಕ

ಫ್ರಿಜ್ ಎಷ್ಟು ಕರೆಂಟ್ ತಿನ್ನುತ್ತದೆ ಅಂತ ಅಂಗಡಿಯಲ್ಲಿ ಕೇಳಿದರೆ ಸ್ಟಾರ್ ತೋರಿಸುತ್ತಾರೆ. ನನಗೆ ಅದು ಸಾಲಲಿಲ್ಲ. ಪ್ಲಗ್‌ಗೆ ಸಿಕ್ಕಿಸುವ ಸಣ್ಣ ಮೀಟರ್ ತಂದು ವಿಜಯಪುರದ ನಮ್ಮ ಮನೆಮಂದಿಯ ಮೂರು ಫ್ರಿಜ್‌ಗಳಿಗೆ ಹಾಕಿ ನೋಡಿದೆ. ಕೆಳಗೆ ಅವ್ವನ ಹಳೇ ಸಿಂಗಲ್ ಡೋರ್, ಮೇಲೆ ನಮ್ಮ 3 ಸ್ಟಾರ್ ಡಬಲ್ ಡೋರ್, ಪಕ್ಕದ ಓಣಿಯಲ್ಲಿ ಕಾಕಾನ 5 ಸ್ಟಾರ್ ಸಿಂಗಲ್ ಡೋರ್. ಎಲ್ಲಕ್ಕೂ ಏಪ್ರಿಲ್ ಬಿಸಿಲು ಒಂದೇ.

ಅವ್ವನ ಫ್ರಿಜ್ ದಿನಕ್ಕೆ 1 ಯೂನಿಟ್ ದಾಟುತ್ತಿತ್ತು. ಬಾಗಿಲಿನ ರಬ್ಬರ್ ಸಡಿಲ, ಫ್ರೀಜರ್ ತುಂಬ ಬರ್ಫ. ಬರ್ಫ ದಪ್ಪವಾದಷ್ಟೂ ತಂಪು ಹರಡಲ್ಲ, ಕಂಪ್ರೆಸರ್ ಓಡುತ್ತಲೇ ಇರುತ್ತದೆ. ಬರ್ಫ ಕರಗಿಸಿ ರಬ್ಬರ್ ಬದಲಿಸಿದ ಮೇಲೆ 0.8ಕ್ಕೆ ಇಳಿಯಿತು. "ಇನ್ನ ಐದ ವರ್ಷ ನಡೀತದ ಬಿಡು" ಅಂದಳು ಅವ್ವ.

ನಮ್ಮ ಡಬಲ್ ಡೋರ್ 0.9 ತೋರಿಸಿತು. ಹೊಸದು, ಇನ್ವರ್ಟರ್ ಕಂಪ್ರೆಸರ್ (ಬೇಕಾದಷ್ಟೇ ವೇಗದಲ್ಲಿ ಓಡುವಂಥದ್ದು) ಇದೆ, ಆದರೂ ಇಷ್ಟು. ಕಾರಣ ಇದೆ. ಇದರಲ್ಲಿ ಬರ್ಫ ಕಟ್ಟಿ ನಿಲ್ಲುವುದಿಲ್ಲ ಅಲ್ವಾ? ಒಳಗೊಂದು ಹೀಟರ್ ಆಗಾಗ ಹೊತ್ತಿಕೊಂಡು ಅದನ್ನು ಕರಗಿಸುತ್ತದೆ. ಜೊತೆಗೆ ತಂಪುಗಾಳಿ ತಿರುಗಿಸಲು ಫ್ಯಾನ್. ಎರಡಕ್ಕೂ ಕರೆಂಟ್ ಬೇಕು. ಮೇಲಿನ ಅಡುಗೆಮನೆಯಲ್ಲಿ ಸ್ಲ್ಯಾಬ್ ಸಂಜೆವರೆಗೂ ಕಾದಿರುತ್ತದೆ, ಕೋಣೆ ಬಿಸಿಯಾದಷ್ಟೂ ಒಳಗಿನ ಶಾಖ ಹೊರಗೆ ಹಾಕಲು ಫ್ರಿಜ್ ಹೆಚ್ಚು ದುಡಿಯಬೇಕು. ಗೋಡೆಯಿಂದ ನಾಲ್ಕು ಬೆರಳು ಮುಂದೆ ಎಳೆದು ಇಟ್ಟಾಗ ಸ್ವಲ್ಪ ಇಳಿಯಿತು. ಡಿಸೆಂಬರ್‌ನಲ್ಲಿ ಇದೇ ಫ್ರಿಜ್ 0.6ರ ಆಸುಪಾಸು. (ಫ್ರಿಜ್‌ನ ಎರಡೂ ಬದಿಗಳು ಬೆಚ್ಚಗಾದರೆ ಗಾಬರಿ ಬೇಡ. ಹಳೇ ಫ್ರಿಜ್‌ನ ಹಿಂದಿನ ಕಪ್ಪು ಜಾಲರಿಯ ಕೆಲಸ ಈಗ ಅವೇ ಮಾಡುತ್ತವೆ.)

ಕಾಕಾನದು? 0.4. ಅಷ್ಟೇ. ಫ್ರೀಜರ್ ಚಿಕ್ಕದು, ಬರ್ಫ ಕರಗಿಸಲು ಬಟನ್ ಒತ್ತಬೇಕು, ಹಬ್ಬಕ್ಕೆ ತಂದ ಹಾಲು ಮೊಸರು ಹಿಡಿಸಲ್ಲ. ನಾಲ್ಕು ಮಂದಿಯ ಮನೆಗೆ ನಾನಾದರೆ ಇದನ್ನೇ ಆರಿಸುವೆ.

ಸ್ಟಾರ್ ಬಗ್ಗೆ ಒಂದು ಮಾತು. ಅವು ಒಂದೇ ಬಗೆಯ, ಹೆಚ್ಚುಕಡಿಮೆ ಒಂದೇ ಗಾತ್ರದ ಫ್ರಿಜ್‌ಗಳ ನಡುವಿನ ಸ್ಪರ್ಧೆ. ದೊಡ್ಡ 5 ಸ್ಟಾರ್ ಡಬಲ್ ಡೋರ್, ಚಿಕ್ಕ 3 ಸ್ಟಾರ್ ಸಿಂಗಲ್ ಡೋರ್‌ಗಿಂತ ಜಾಸ್ತಿ ತಿನ್ನಬಹುದು. ಲೇಬಲ್‌ನಲ್ಲಿ 'ವರ್ಷಕ್ಕೆ ಇಷ್ಟು ಯೂನಿಟ್' ಅಂತ ಇರುತ್ತದಲ್ಲ, ಅದನ್ನು ನೋಡಿ. ಲೇಬಲ್ ಯಾವ ವರ್ಷದ್ದು ಅಂತಲೂ ನೋಡಿ: ನಿಯಮ ಆಗಾಗ ಬಿಗಿಯಾಗುತ್ತದೆ, ಅಂದಿನ 5 ಸ್ಟಾರ್ ಇಂದು 5 ಸ್ಟಾರ್ ಆಗಿರಲ್ಲ. ಫ್ರಾಸ್ಟ್ ಫ್ರೀ, ಅಂದರೆ ನಮ್ಮದರಂತೆ ಬರ್ಫ ತಾನೇ ಕರಗಿಸಿಕೊಳ್ಳುವ ಫ್ರಿಜ್‌ಗಳಿಗೆ ಈ ಲೇಬಲ್ 2010ರಿಂದ ಕಡ್ಡಾಯ.

ನಮ್ಮದಕ್ಕೂ ಕಾಕಾನದಕ್ಕೂ ಬೇಸಿಗೆಯಲ್ಲಿ ತಿಂಗಳಿಗೆ ಸುಮಾರು 15 ಯೂನಿಟ್ ವ್ಯತ್ಯಾಸ. ಯೂನಿಟ್‌ಗೆ 6 ರೂಪಾಯಿ ಹಿಡಿದರೆ 90 ರೂಪಾಯಿ, ದೊಡ್ಡದೇನಲ್ಲ. ಆದರೆ ಕೂಲರ್ ಸೇರಿ ತಿಂಗಳ ಲೆಕ್ಕ 200 ಯೂನಿಟ್‌ನ ಅಂಚಿಗೆ ಬರುವವರು ಈ 15ನ್ನು ಹಗುರವಾಗಿ ನೋಡಬೇಡಿ. ರಾಜ್ಯ ಸರ್ಕಾರದ ಉಚಿತ ಕರೆಂಟ್ ಯೋಜನೆ ಗೃಹಜ್ಯೋತಿಯಲ್ಲಿ 200 ದಾಟಿದರೆ ಪೂರ್ತಿ ಬಿಲ್ ನಾವೇ ಕಟ್ಟಬೇಕು.