ಹಳೇ 'ಗೋಲ್ಡ್ ಎಡಿಷನ್' ಡಿಸ್ಕ್ ಕೊಳ್ಳುವವರು ಇದನ್ನು ಓದಿ

ಟ್ರಯಲ್ಸ್ ರೈಸಿಂಗ್ ಅನ್ನುವ ಬೈಕ್ ಗೇಮಿನ ಗೋಲ್ಡ್ ಎಡಿಷನ್ ಇದೆಯಲ್ಲ, ಅದರ ಪಿಎಸ್4 (ಪ್ಲೇಸ್ಟೇಷನ್ 4) ಡಿಸ್ಕನ್ನು ಸೆಕೆಂಡ್ ಹ್ಯಾಂಡಲ್ಲಿ ಹುಡುಕುತ್ತಿದ್ದೀರಾ? ದುಡ್ಡು ಕೊಡುವ ಮೊದಲು ಡಬ್ಬಿ ತೆರೆದು ನೋಡಿ. ನನಗೆ ಮಾರಿದ ಅಂಗಡಿಯವರು "ಎಲ್ಲಾ ಇದರಲ್ಲೇ ಇದೆ ಸರ್, ಫುಲ್ ಗೇಮ್" ಅಂದರು. ಗೋಲ್ಡ್ ಅಂತ ಮಾಮೂಲಿ ಡಿಸ್ಕಿಗಿಂತ ಜಾಸ್ತಿಯೇ ತಗೊಂಡರು. ಮನೆಗೆ ಬಂದು ಹಾಕಿದರೆ ಇದ್ದದ್ದು ಬರೀ ಮಾಮೂಲಿ ಗೇಮ್.

ವಿಷಯ ಏನಪ್ಪಾ ಅಂದರೆ, ಈ ಗೇಮ್ ಬಂದಿದ್ದು 2019ರ ಫೆಬ್ರವರಿಯಲ್ಲಿ. ಗೋಲ್ಡಿನಲ್ಲಿ ಮುಖ್ಯವಾಗಿ ಜಾಸ್ತಿ ಸಿಗುವುದು ಎಕ್ಸ್‌ಪಾನ್ಷನ್ ಪಾಸ್. ಅಂದರೆ 'ಸಿಕ್ಸ್ಟಿ-ಸಿಕ್ಸ್' ಮತ್ತು 'ಕ್ರ್ಯಾಶ್ ಆ್ಯಂಡ್ ಸನ್‌ಬರ್ನ್' ಅನ್ನುವ ಎರಡು ಹೊಸ ಭಾಗಗಳು. ಅವೆರಡೂ ಬಿಡುಗಡೆಯಾಗಿದ್ದೇ ಗೇಮ್ ಅಂಗಡಿಗೆ ಬಂದ ಮೇಲೆ, ಇನ್ನು ಮೊದಲೇ ಅಚ್ಚಾದ ಡಿಸ್ಕಿನೊಳಗೆ ಎಲ್ಲಿಂದ ಬರಬೇಕು? ಡಬ್ಬಿಯಲ್ಲಿ ಒಂದು ಕೋಡ್ ಚೀಟಿ ಇರುತ್ತದೆ. ಅದನ್ನು ಯಾರು ಮೊದಲು ಹಾಕಿದರೋ ಆ ಭಾಗಗಳು ಅವರ ಪ್ಲೇಸ್ಟೇಷನ್ ಅಕೌಂಟಿಗೇ ಸೇರಿದವು. ಡಿಸ್ಕ್ ನಿಮ್ಮ ಕೈಗೆ ಬಂದರೂ ಅವು ಬರುವುದಿಲ್ಲ. ನನಗೆ ಸಿಕ್ಕ ಡಬ್ಬಿಯಲ್ಲಿ ಚೀಟಿಯೇನೋ ಇತ್ತು, ಆದರೆ ಕೋಡ್ ಆಗಲೇ ಬಳಸಿಯಾಗಿದೆ ಅಂತ ಬಂತು. ವಾಪಸ್ ಹೋಗಿ ಕೇಳಿದರೆ "ಡಿಸ್ಕ್ ಓಡುತ್ತಿದೆ ಅಲ್ವಾ ಸರ್, ಮತ್ತೇನು" ಅನ್ನುವ ಉತ್ತರ. ಕೊನೆಗೂ ದುಡ್ಡು ವಾಪಸ್ ಬರಲಿಲ್ಲ.

ಗೇಮಿನ ಮೇಲೆ ನನಗೆ ಸಿಟ್ಟಿಲ್ಲ. ಫಿನ್ಲೆಂಡಿನ ರೆಡ್‌ಲಿಂಕ್ಸ್‌ನವರು ಚೆನ್ನಾಗಿಯೇ ಮಾಡಿದ್ದಾರೆ: ಆಕ್ಸಿಲರೇಟರ್, ಬ್ರೇಕ್, ಮೈಯನ್ನು ಹಿಂದೆ ಮುಂದೆ ಬಾಗಿಸುವುದು, ಇಷ್ಟರಲ್ಲೇ ಗುಡ್ಡದಂಥ ಅಡೆತಡೆ ಹತ್ತಬೇಕು, ಬಿದ್ದರೆ ಚೆಕ್‌ಪಾಯಿಂಟಿನಿಂದ ಮತ್ತೆ ಶುರು. ಹೆಚ್ಚುವರಿ ಭಾಗ ಬೇಡ ಅನ್ನುವವರು ಸುಮ್ನೆ ಮಾಮೂಲಿ ಡಿಸ್ಕ್ ತಗೊಳ್ಳಿ, ಅದೇ ಸಾಕು.

ಗೋಲ್ಡೇ ಬೇಕು ಅಂದರೆ ಕೋಡನ್ನು ಅಂಗಡಿಯವರ ಎದುರೇ ನಿಮ್ಮ ಅಕೌಂಟಿಗೆ ಹಾಕಿ ನೋಡಿ, ಆಮೇಲೆ ದುಡ್ಡು ಕೊಡಿ. ಒಪ್ಪದಿದ್ದರೆ ಬಿಟ್ಟು ಬನ್ನಿ. ಹೊರದೇಶದ ಡಿಸ್ಕ್ ಆದರೆ ಇನ್ನೊಂದು ತಲೆನೋವು. ಪಿಎಸ್4ನಲ್ಲಿ ಹೆಚ್ಚುವರಿ ಭಾಗಗಳು ಡಿಸ್ಕ್ ಯಾವ ರೀಜನ್ನಿನದೋ (ಅಂದರೆ ಯಾವ ದೇಶಗಳ ಗುಂಪಿಗೆ ಮಾಡಿದ್ದೋ) ಅದೇ ರೀಜನ್ನಿನದಾಗಿರಬೇಕು, ಇಲ್ಲದಿದ್ದರೆ ಗೇಮ್ ಅವನ್ನು ಗುರುತಿಸುವುದೇ ಇಲ್ಲ. ಆನ್‌ಲೈನಲ್ಲಿ ಮಾರುವವರು "ಸೀಲ್ ಒಡೆದಿಲ್ಲ" ಅಂತ ಫೋಟೋ ಹಾಕಿದರೂ ನಂಬಬೇಡಿ, ಪ್ಲಾಸ್ಟಿಕ್ ಹಾಳೆ ಮತ್ತೆ ಸುತ್ತುವುದು ಏನು ಮಹಾ ಕೆಲಸ?