ಹಾರ್ಡ್ ಡಿಸ್ಕಿನಿಂದ ಎಸ್‌ಎಸ್‌ಡಿಗೆ ಆಟಗಳ ಸಾಗಣೆ: ಡಬ್ಲ್ಯೂಡಿ ಬ್ಲೂ ಎಸ್‌ಎನ್580 ಮತ್ತು ಶಿವಮೊಗ್ಗದ ಒಂದು ಅಂಗಡಿ

ತೀರ್ಥಹಳ್ಳಿ ತಾಲ್ಲೂಕಿನ ನಮ್ಮ ಊರಿನಲ್ಲಿ ಇಂಟರ್‌ನೆಟ್ ಚೆನ್ನಾಗಿರುವ ದಿನ 10 ಎಂಬಿಪಿಎಸ್ (ಸೆಕೆಂಡಿಗೆ 10 ಮೆಗಾಬಿಟ್, ಅಂದರೆ 1.25 ಎಂಬಿ) ವೇಗ ಸಿಗುತ್ತದೆ. ಆ ವೇಗ ಒಂದು ಕ್ಷಣವೂ ಕಡಿಯದೆ ಇದ್ದರೂ 100 ಜಿಬಿಯ ಒಂದು ಆಟವನ್ನು ಇಳಿಸಿಕೊಳ್ಳಲು ಲೆಕ್ಕದ ಪ್ರಕಾರ 22 ಗಂಟೆಗೂ ಹೆಚ್ಚು ಬೇಕು. ಮಳೆಗಾಲದಲ್ಲಿ ತಂತಿಯ ಮೇಲೆ ಮರ ಬಿದ್ದು ಕರೆಂಟು ಹೋದರೆ ಅದೇ ಕೆಲಸ ಒಂದು ವಾರಕ್ಕೆ ಎಳೆಯುತ್ತದೆ. ಹೀಗಿರುವಾಗ, ಹಾರ್ಡ್ ಡಿಸ್ಕಿನಲ್ಲಿರುವ ಆಟಗಳನ್ನು ಅಳಿಸಿ ಹೊಸ ಡ್ರೈವಿನಲ್ಲಿ ಮತ್ತೆ ಇನ್‌ಸ್ಟಾಲ್ ಮಾಡಿಕೊಳ್ಳಿ ಎಂಬ ಸಲಹೆ ಬೆಂಗಳೂರಿನವರಿಗೆ ಸರಿಯಾದೀತೇ ಹೊರತು ನಮಗಲ್ಲ. ಇದ್ದ ಆಟವನ್ನು ಇದ್ದ ಹಾಗೆಯೇ ಸಾಗಿಸಲು ಬರುತ್ತದೆಯೇ, ಸಾಗಿಸಿದ ಮೇಲೆ ಆಗುವ ಲಾಭ ಖರ್ಚಿಗೆ ತಕ್ಕಷ್ಟಿದೆಯೇ ಎಂಬ ಎರಡು ಪ್ರಶ್ನೆಗಳನ್ನು ಇಟ್ಟುಕೊಂಡು ನಾನೂ ನನ್ನ ತಮ್ಮನೂ 2024ರ ಜೂನ್ ತಿಂಗಳಲ್ಲಿ 1 ಟಿಬಿಯ ಡಬ್ಲ್ಯೂಡಿ ಬ್ಲೂ ಎಸ್‌ಎನ್580 ಎಂಬ ಎನ್‌ವಿಎಂಇ ಡ್ರೈವನ್ನು, ಅಂದರೆ ಮಾಹಿತಿಯನ್ನು ಚಿಪ್ಪುಗಳಲ್ಲಿ ಇಡುವ ಎಸ್‌ಎಸ್‌ಡಿಯ ವೇಗದ ಬಗೆಯೊಂದನ್ನು, ಕೊಂಡೆವು. ಎರಡಕ್ಕೂ ಹೌದು ಎಂಬ ಉತ್ತರವೇ ಸಿಕ್ಕಿತು, ಆದರೆ ಎರಡನೆಯದಕ್ಕೆ ಸಿಕ್ಕಿದ ಉತ್ತರ ನಾನು ಎಣಿಸಿದ್ದ ಕಾರಣದಿಂದ ಬಂದದ್ದಲ್ಲ.

ನಮ್ಮ ಕಂಪ್ಯೂಟರ್ ಹಳೆಯದು. ರೈಜೆನ್ 5 3600 ಪ್ರೊಸೆಸರ್, ಬಿ450 ಚಿಪ್‌ಸೆಟ್ಟಿನ ಮದರ್‌ಬೋರ್ಡ್, 16 ಜಿಬಿ ರ್‍ಯಾಮ್, ವಿಂಡೋಸ್ ಇರುವ 240 ಜಿಬಿಯ, ಸಾಟಾ ಎಂಬ ಹಳೆಯ ಬಗೆಯ ಜೋಡಣೆಯ ಒಂದು ಎಸ್‌ಎಸ್‌ಡಿ, ಆಟಗಳೆಲ್ಲ ಇರುವ 1 ಟಿಬಿಯ ಹಾರ್ಡ್ ಡಿಸ್ಕ್. ಈ ಹಾರ್ಡ್ ಡಿಸ್ಕ್ ನಿಮಿಷಕ್ಕೆ 7200 ಸುತ್ತು ತಿರುಗುವಂಥದ್ದು, ಅಂದರೆ ಒಂದು ಸುತ್ತಿಗೆ 8 ಮಿಲಿಸೆಕೆಂಡಿಗಿಂತ ತುಸು ಹೆಚ್ಚು. ಬೇಕಾದ ಜಾಗ ಓದುವ ತಲೆಯ ಕೆಳಗೆ ಬರಲು ಸರಾಸರಿ ಅರ್ಧ ಸುತ್ತು ಕಾಯಬೇಕು, ಅದರ ಜೊತೆಗೆ ತಲೆ ಸರಿಯಾದ ಪಟ್ಟಿಗೆ ಸರಿಯುವ ಹೊತ್ತೂ ಸೇರಿ ಒಂದೊಂದು ಓದಿಗೂ ಹತ್ತು ಮಿಲಿಸೆಕೆಂಡಿಗೂ ಮಿಕ್ಕಿ ಹೋಗುತ್ತದೆ. ಒಂದೇ ದೊಡ್ಡ ಸಿನಿಮಾ ಫೈಲನ್ನು ಓದುವಾಗ ಇದು ಗೊತ್ತಾಗುವುದಿಲ್ಲ. ಆಟವೊಂದು ಮರ, ಗೋಡೆ, ಮುಖ, ದನಿ ಎಂದು ಸಾವಿರಾರು ತುಣುಕುಗಳನ್ನು ಬೇರೆ ಬೇರೆ ಜಾಗದಿಂದ ಕೇಳುವಾಗ ಈ ಸಣ್ಣ ಕಾಯುವಿಕೆಗಳು ಕೂಡಿ ನಿಮಿಷಗಳಾಗುತ್ತವೆ. ಎಸ್‌ಎಸ್‌ಡಿಯಲ್ಲಿ ತಿರುಗುವ ಭಾಗವೇ ಇಲ್ಲದಿರುವುದರಿಂದ ಈ ಕಾಯುವಿಕೆ ಮಿಲಿಸೆಕೆಂಡಿನ ಹತ್ತನೆಯ ಒಂದು ಭಾಗದ ಆಸುಪಾಸಿಗೆ ಇಳಿಯುತ್ತದೆ. ಪೆಟ್ಟಿಗೆಯ ಮೇಲೆ ಅಚ್ಚಾಗಿರುವ ಸೆಕೆಂಡಿಗೆ ಇಷ್ಟು ಸಾವಿರ ಎಂಬಿ ಎಂಬ ಅಂಕಿಗಿಂತ, ಆಟ ಆಡುವವರಿಗೆ ಮುಖ್ಯವಾಗುವುದು ಇದೇ.

ಇದನ್ನು ನಾವು ಕೊಳ್ಳುವ ಮೊದಲೇ ಒಂದಿಷ್ಟು ಪರೀಕ್ಷಿಸಿ ನೋಡಿದ್ದೆವು. ಸೈಬರ್‌ಪಂಕ್ 2077 ಆಟವು 2023ರ 2.0 ಆವೃತ್ತಿಯಿಂದೀಚೆಗೆ ತನ್ನ ಕನಿಷ್ಠ ಅಗತ್ಯಗಳ ಪಟ್ಟಿಯಲ್ಲಿಯೇ 70 ಜಿಬಿಯ ಎಸ್‌ಎಸ್‌ಡಿಯನ್ನು ಕೇಳುತ್ತದೆ. ವಿಂಡೋಸ್ ಇರುವ ಸಾಟಾ ಎಸ್‌ಎಸ್‌ಡಿಯಲ್ಲಿ ಹೇಗೋ ಜಾಗ ಮಾಡಿ ಆ ಒಂದು ಆಟವನ್ನು ಅಲ್ಲಿಗೆ ಸಾಗಿಸಿದೆವು. ಹಾರ್ಡ್ ಡಿಸ್ಕಿನಲ್ಲಿ ಉಳಿಸಿದ ಆಟ ತೆರೆಯಲು ಒಂದು ನಿಮಿಷದ ಮೇಲೆ ಹಿಡಿಯುತ್ತಿದ್ದದ್ದು 20 ಸೆಕೆಂಡಿನ ಹತ್ತಿರಕ್ಕೆ ಬಂದಿತು. ಮುಂದೆ ಅದೇ ಆಟವನ್ನು ಹೊಸ ಎನ್‌ವಿಎಂಇ ಡ್ರೈವಿಗೆ ಹಾಕಿದಾಗ ಇನ್ನೂ ಎರಡು ಮೂರು ಸೆಕೆಂಡು ಕಡಿಮೆಯಾಯಿತು, ಅಷ್ಟೇ. ಸಾಟಾ ಡ್ರೈವ್ ಸೆಕೆಂಡಿಗೆ ಸುಮಾರು 550 ಎಂಬಿಗಿಂತ ಮೇಲೆ ಹೋಗಲಾರದು. ಎಸ್‌ಎನ್580ರ ಘೋಷಿತ ವೇಗ 4150 ಎಂಬಿ. ಅಂಕಿಯಲ್ಲಿ ಏಳು ಪಟ್ಟಿಗೂ ಹೆಚ್ಚು ಅಂತರವಿದ್ದರೂ ಕುರ್ಚಿಯಲ್ಲಿ ಕುಳಿತವರಿಗೆ ಅದು ಎರಡು ಮೂರು ಸೆಕೆಂಡಾಗಿ ಮಾತ್ರ ಕಾಣುತ್ತದೆ. ಜಿಗಿತವಿರುವುದು ಹಾರ್ಡ್ ಡಿಸ್ಕಿನಿಂದ ಎಸ್‌ಎಸ್‌ಡಿಗೆ, ಒಂದು ಎಸ್‌ಎಸ್‌ಡಿಯಿಂದ ಇನ್ನೊಂದಕ್ಕಲ್ಲ. ಆದ್ದರಿಂದ 7000 ಎಂಬಿಯ ದುಬಾರಿ ಡ್ರೈವಿಗೆ ಹಣ ಕೂಡಿಡುತ್ತ ಹಾರ್ಡ್ ಡಿಸ್ಕಿನಲ್ಲಿಯೇ ಕಾಯುತ್ತಿರುವವರಿಗೆ, ಕಾಯಬೇಡಿ ಎಂದು ಖಚಿತವಾಗಿ ಹೇಳುತ್ತೇನೆ.

ಅಂಗಡಿಯ ವಿಷಯ. ಡ್ರೈವನ್ನು ಆನ್‌ಲೈನಿನಲ್ಲಿ ತರಿಸದೆ ಶಿವಮೊಗ್ಗದ ದುರ್ಗಿಗುಡಿಯ ಒಂದು ಸಣ್ಣ ಅಂಗಡಿಯಲ್ಲಿ ಕೊಂಡೆವು. ಆನ್‌ಲೈನ್ ಬೆಲೆಗಿಂತ ಕೆಲವು ನೂರು ರೂಪಾಯಿ ಹೆಚ್ಚಾಯಿತು, ಆ ಹಣ ವ್ಯರ್ಥವಾಯಿತೆಂದು ನನಗೆ ಒಮ್ಮೆಯೂ ಅನಿಸಿಲ್ಲ. ತಮ್ಮ ಇದಕ್ಕಿಂತ ಬಹಳ ವೇಗದ, ಬಹಳ ಬೆಲೆಯ ಡ್ರೈವೊಂದನ್ನು ಹೆಸರು ಹಿಡಿದು ಕೇಳಿದಾಗ ಅಂಗಡಿಯವರು ಮೊದಲು ಕೇಳಿದ್ದು, “ಯಾವ ಬೋರ್ಡು ಅಂತ ನೋಡ್ಕೊಂಡು ಬಂದಿದೀರಾ ಮೇಡಂ?” ಎಂದು. ಬಿ450 ಎಂದು ಹೇಳಿದ ಮೇಲೆ, ಆ ಬೋರ್ಡಿನಲ್ಲಿ ಇಂಥ ಡ್ರೈವನ್ನು ಕೂರಿಸುವ ಎಂ.2 ಸ್ಲಾಟ್ ಮೂರನೆಯ ಪೀಳಿಗೆಯ ಪಿಸಿಐಇ ಎಂಬ ಸಂಪರ್ಕದ್ದಾದ್ದರಿಂದ ಯಾವ ಡ್ರೈವ್ ಹಾಕಿದರೂ ಸೆಕೆಂಡಿಗೆ 3500 ಎಂಬಿಯ ಆಸುಪಾಸಿನಲ್ಲಿಯೇ ನಿಲ್ಲುತ್ತದೆ, ಹೆಚ್ಚಿನದಕ್ಕೆ ಕೊಟ್ಟ ದುಡ್ಡು ಹೊಳೆಯಲ್ಲಿ ಹುಣಸೆಹಣ್ಣು ತೊಳೆದ ಹಾಗೆ ಎಂದು ತಿಳಿಸಿ ಹೇಳಿದರು. ದುಬಾರಿಯದನ್ನು ಮಾರಲು ಅವರಿಗೆ ಯಾವ ಅಡ್ಡಿಯೂ ಇರಲಿಲ್ಲ. ಮಾರಲಿಲ್ಲ ಎಂಬುದನ್ನು ಇಲ್ಲಿ ದಾಖಲಿಸಬೇಕೆಂದೇ ಇಷ್ಟು ಬರೆಯುತ್ತಿದ್ದೇನೆ. ಡ್ರೈವನ್ನು ಬಿಗಿಯುವ ಸಣ್ಣ ಸ್ಕ್ರೂ ನಮ್ಮ ಮದರ್‌ಬೋರ್ಡಿನ ಡಬ್ಬಿಯೊಡನೆ ಎಂದೋ ಕಳೆದುಹೋಗಿರುತ್ತದೆ ಎಂದು ಊಹಿಸಿ ಅದನ್ನೂ ಒಂದು ಕಾಗದದಲ್ಲಿ ಸುತ್ತಿಕೊಟ್ಟರು. ಅದು ನಿಜವಾಗಿಯೂ ಕಳೆದುಹೋಗಿತ್ತು. ಆ ಸ್ಕ್ರೂ ಇಲ್ಲದಿದ್ದರೆ ಮತ್ತೆ 60 ಕಿಲೋಮೀಟರು ಬಸ್ಸಿನಲ್ಲಿ ಹೋಗಿ ಬರಬೇಕಾಗುತ್ತಿತ್ತು. ಒಂದೇ ಕೊರತೆಯೆಂದರೆ ಬಿಲ್ಲಿನಲ್ಲಿ ಡ್ರೈವಿನ ಸೀರಿಯಲ್ ನಂಬರ್ ಬರೆದಿರಲಿಲ್ಲ, ನಾವೇ ಕೇಳಿ ಬರೆಸಿಕೊಂಡೆವು. ಐದು ವರ್ಷದ ವಾರಂಟಿ ಇರುವ ವಸ್ತುವಿಗೆ ಇದು ಕೇಳದೆಯೇ ಆಗಬೇಕಾದ ಕೆಲಸ.

ಡ್ರೈವನ್ನು ಕೂರಿಸುವುದು ಕಷ್ಟವಲ್ಲ. 22 ಮಿಲಿಮೀಟರ್ ಅಗಲ, 80 ಮಿಲಿಮೀಟರ್ ಉದ್ದದ ಈ ಪಟ್ಟಿಯನ್ನು ಸ್ಲಾಟಿಗೆ ಓರೆಯಾಗಿ ತೂರಿಸಿ, ಒತ್ತಿ, ಸ್ಕ್ರೂ ಬಿಗಿದರೆ ಮುಗಿಯಿತು. ಮಳೆಗಾಲದ ತೇವದ ಗಾಳಿಯಲ್ಲಿ ಸ್ಥಿರ ವಿದ್ಯುತ್ತಿನ ಭಯ ಕಡಿಮೆ, ಆದರೂ ಕ್ಯಾಬಿನೆಟ್ಟಿನ ಬರಿಯ ಲೋಹವನ್ನು ಮುಟ್ಟಿಯೇ ಕೆಲಸಕ್ಕೆ ಕೈ ಹಾಕುವುದು ಒಳ್ಳೆಯದು. ವಿಂಡೋಸ್ ತೆರೆದಾಗ ಹೊಸ ಡ್ರೈವ್ ಕಾಣದಿದ್ದರೆ ಗಾಬರಿಯಾಗಬೇಕಿಲ್ಲ. ಡಿಸ್ಕ್ ಮ್ಯಾನೇಜ್‌ಮೆಂಟಿಗೆ ಹೋಗಿ ಅದನ್ನು ಜಿಪಿಟಿ ಎಂಬ ವಿಭಜನಾ ಕ್ರಮದಲ್ಲಿ ಸಿದ್ಧಗೊಳಿಸಿ, ಎನ್‌ಟಿಎಫ್‌ಎಸ್ ಫಾರ್ಮ್ಯಾಟ್ ಮಾಡಿ, ಡಿ, ಇ ಎಂಬಂಥ ಒಂದು ಡ್ರೈವ್ ಅಕ್ಷರ ಕೊಡಬೇಕು. ಆ ಅಕ್ಷರವನ್ನು ಆಮೇಲೆ ಬದಲಿಸಬಾರದು, ಏಕೆಂದರೆ ಆಟಗಳನ್ನು ಕೊಂಡು ನಡೆಸಲು ಬಳಸುವ ಸ್ಟೀಮ್ ತಂತ್ರಾಂಶ ಅವುಗಳನ್ನು ಹುಡುಕುವುದು ಅದೇ ವಿಳಾಸದಲ್ಲಿ. 1 ಟಿಬಿ ಎಂದು ಕೊಂಡದ್ದನ್ನು ವಿಂಡೋಸ್ 931 ಜಿಬಿ ಎಂದು ತೋರಿಸುತ್ತದೆ. ಎಣಿಸುವ ಕ್ರಮ ಬೇರೆಯಾದ್ದರಿಂದ ಹಾಗೆ ಕಾಣುತ್ತದೆಯೇ ಹೊರತು ಏನೂ ಕಡಿಮೆಯಾಗಿರುವುದಿಲ್ಲ.

ಸಾಗಣೆಯ ವಿಷಯದಲ್ಲಿ ಸ್ಟೀಮ್ ಮಾಡಿರುವ ವ್ಯವಸ್ಥೆ ಮೆಚ್ಚುವಂಥದ್ದು. ಸೆಟ್ಟಿಂಗ್ಸ್‌ನಲ್ಲಿ ಸ್ಟೋರೇಜ್ ಎಂಬ ಪುಟವಿದೆ. ಅಲ್ಲಿ ಹೊಸ ಡ್ರೈವನ್ನು ಸೇರಿಸಿ, ಹಳೆಯ ಡ್ರೈವಿನಲ್ಲಿರುವ ಆಟವನ್ನು ಗುರುತು ಮಾಡಿ, ಮೂವ್ ಒತ್ತಿದರೆ ಉಳಿದದ್ದನ್ನು ಅದೇ ನೋಡಿಕೊಳ್ಳುತ್ತದೆ. 150 ಜಿಬಿ ಜಾಗ ಕೇಳುವ ರೆಡ್ ಡೆಡ್ ರಿಡೆಂಪ್ಷನ್ 2 ಸುಮಾರು ಅರ್ಧ ಗಂಟೆಯಲ್ಲಿ ಹೊಸ ಮನೆ ಸೇರಿತು. ಇಲ್ಲಿ ವೇಗವನ್ನು ನಿರ್ಧರಿಸುವುದು ಓದಿಕೊಡುವ ಹಾರ್ಡ್ ಡಿಸ್ಕೇ. ಬರೆದುಕೊಳ್ಳುವ ಎಸ್‌ಎಸ್‌ಡಿ ಬಹುಪಾಲು ಹೊತ್ತು ಸುಮ್ಮನೆ ಕಾಯುತ್ತಿತ್ತು. ತಮ್ಮನಿಗೆ ಇದ್ದ ಚಿಂತೆ ಎರಡು ವರ್ಷ ಆಡಿ ಉಳಿಸಿಕೊಂಡಿದ್ದ ಆಟದ ಹಂತಗಳು ಹೋಗಿಬಿಟ್ಟರೆ ಎಂಬುದು, “ಅಕ್ಕ, ಅದು ಹೋದ್ರೆ ನಾನು ಮತ್ತೆ ಮೊದಲಿಂದ ಆಡಲ್ಲ” ಎಂದು ಮೂವ್ ಒತ್ತಲು ಬಿಡದೆ ಕುಳಿತಿದ್ದ. ಆ ಚಿಂತೆ ಬೇಕಿಲ್ಲ. ಈ ಆಟ ಅವುಗಳನ್ನು ಡಾಕ್ಯುಮೆಂಟ್ಸ್ ಒಳಗಿನ ರಾಕ್‌ಸ್ಟಾರ್ ಗೇಮ್ಸ್ ಫೋಲ್ಡರಿನಲ್ಲಿ ಇಡುತ್ತದೆ, ಸೈಬರ್‌ಪಂಕ್ ಸೇವ್ಡ್ ಗೇಮ್ಸ್ ಎಂಬ ಫೋಲ್ಡರಿನಲ್ಲಿ ಇಡುತ್ತದೆ. ಆಟದ ಫೋಲ್ಡರ್ ಎಲ್ಲಿಗೆ ಹೋದರೂ ಅವು ಕದಲುವುದಿಲ್ಲ. ಹಾಗಿದ್ದರೂ ಅವನ ಸಮಾಧಾನಕ್ಕೆ ಎರಡನ್ನೂ ಒಂದು ಪೆನ್‌ಡ್ರೈವಿಗೆ ನಕಲು ಮಾಡಿ ಇಟ್ಟೆವು. ಹಾಗೆ ಮಾಡುವುದನ್ನು ಎಲ್ಲರಿಗೂ ಹೇಳುತ್ತೇನೆ.

ಹೆಚ್ಚು ಎಚ್ಚರ ಬೇಕಾದದ್ದು ಜಿಟಿಎ 5ರಲ್ಲಿ. 2020ರ ಮೇ ತಿಂಗಳಲ್ಲಿ ಎಪಿಕ್ ಎಂಬ ಆಟಗಳ ಆನ್‌ಲೈನ್ ಅಂಗಡಿಯಲ್ಲಿ ಅದು ಉಚಿತವಾಗಿದ್ದಾಗ ತಮ್ಮ ಪಡೆದುಕೊಂಡಿದ್ದ. ಅದನ್ನು ಕೈಯಾರೆ ಸಾಗಿಸಿದೆವು. ಹಳೆಯ ಫೋಲ್ಡರಿನ ಹೆಸರು ಬದಲಿಸಿ ಬದಿಗಿಟ್ಟು, ಎಪಿಕ್‌ನ ತಂತ್ರಾಂಶವಾದ ಲಾಂಚರಿನಲ್ಲಿ ಅನ್‌ಇನ್‌ಸ್ಟಾಲ್ ಮಾಡಿ, ಹೊಸ ಡ್ರೈವಿನಲ್ಲಿ ಇನ್‌ಸ್ಟಾಲ್ ಆರಂಭಿಸಿ, ಶೇಕಡಾ ಒಂದೆರಡು ಆಗುತ್ತಲೇ ನಿಲ್ಲಿಸಿ ಲಾಂಚರನ್ನು ಮುಚ್ಚಿ, ಬದಿಗಿಟ್ಟ ಫೋಲ್ಡರಿನ ಒಳಗಿರುವುದನ್ನೆಲ್ಲ ಹೊಸ ಫೋಲ್ಡರಿನ ಒಳಕ್ಕೆ ನಕಲು ಮಾಡಿ, ಲಾಂಚರ್ ತೆರೆದು ಮುಂದುವರಿಸಬೇಕು. ಆಗ ಅದು ಇರುವ ಫೈಲುಗಳನ್ನು ಪರೀಕ್ಷಿಸಿ ಇಲ್ಲದ್ದನ್ನು ಮಾತ್ರ ಇಳಿಸಿಕೊಳ್ಳುತ್ತದೆ. ನಾವು ನಕಲು ಮಾಡುತ್ತಿದ್ದ ಸಂಜೆ ಮಳೆ ಜೋರಾಗಿ ನಡುವೆಯೇ ಕರೆಂಟು ಹೋಯಿತು. ಮೂಲವನ್ನು ಕಟ್ ಮಾಡದೆ ಕಾಪಿ ಮಾಡಿದ್ದರಿಂದ ಹಾಳಾದದ್ದು ಏನೂ ಇಲ್ಲ. ಆದರೆ ಒಂದು ಸಂಗತಿ ನನ್ನನ್ನು ಬೆಚ್ಚಿಬೀಳಿಸಿತು: ಅರ್ಧಕ್ಕೆ ನಿಂತ ದೊಡ್ಡ ಫೈಲು ಹೊಸ ಡ್ರೈವಿನಲ್ಲಿ ಪೂರ್ತಿ ಗಾತ್ರದ್ದಾಗಿಯೇ ಕಾಣುತ್ತಿತ್ತು. ವಿಂಡೋಸ್ ನಕಲು ಆರಂಭಿಸುವಾಗಲೇ ಇಡೀ ಫೈಲಿಗೆ ಜಾಗ ಕಾದಿರಿಸುವುದರಿಂದ ಹೀಗಾಗುತ್ತದೆ. ಎರಡು ಫೋಲ್ಡರುಗಳ ಗಾತ್ರ ಸಮವಾಗಿದೆ ಎಂದು ನಂಬಿ ಹಳೆಯದನ್ನು ಅಳಿಸಿದ್ದರೆ ಡೌನ್‌ಲೋಡಿನ ದಾರಿ ಹಿಡಿಯಬೇಕಾಗುತ್ತಿತ್ತು. ಕರೆಂಟು ಬಂದ ಮೇಲೆ ಆ ಒಂದು ಫೈಲನ್ನು ಅಳಿಸಿ ಮತ್ತೆ ನಕಲು ಮಾಡಿ, ಉಳಿದವನ್ನು ಮುಗಿಸಿ, ಲಾಂಚರ್ ಪರೀಕ್ಷೆ ಪೂರೈಸಿ ಆಟ ತೆರೆದ ಮರುದಿನ ಹಳೆಯದನ್ನು ಅಳಿಸಿದೆವು. ಸ್ಟೀಮಿನಲ್ಲಿಯೂ ಸಾಗಣೆಯ ನಂತರ ಫೈಲುಗಳ ಸಮಗ್ರತೆಯನ್ನು ಪರೀಕ್ಷಿಸುವ ಆಯ್ಕೆಯನ್ನು ಒಮ್ಮೆ ಒತ್ತುವುದು ನಮ್ಮಂಥ ಊರಿನವರಿಗೆ ಅಗತ್ಯ.

ಫಲಿತಾಂಶ ಎಲ್ಲ ಆಟಗಳಲ್ಲಿಯೂ ಒಂದೇ ಸಮನಾಗಿಲ್ಲ. ರೆಡ್ ಡೆಡ್‌ನ ಕಥೆ ತೆರೆಯಲು ಎರಡು ನಿಮಿಷದ ಹತ್ತಿರ ಹಿಡಿಯುತ್ತಿದ್ದದ್ದು ಈಗ ಅದರ ಮೂರನೆಯ ಒಂದು ಪಾಲಿಗೆ ಇಳಿದಿದೆ. ಸೈಬರ್‌ಪಂಕ್‌ನಲ್ಲಿ ಕಾರನ್ನು ಜೋರಾಗಿ ಓಡಿಸುವಾಗ ರಸ್ತೆಯ ಬದಿಯ ಗೋಡೆಗಳು ಮಸುಕಾಗಿ ನಿಂತು ತಡವಾಗಿ ತಿಳಿಯಾಗುತ್ತಿದ್ದದ್ದು ಪೂರ್ತಿ ನಿಂತಿದೆ. ಲೋಡಿಂಗ್ ಸಮಯಕ್ಕಿಂತ ನನಗೆ ಹೆಚ್ಚು ಸಂತೋಷವಾದದ್ದು ಇದರಿಂದ. ಜಿಟಿಎ ಆನ್‌ಲೈನಿನಲ್ಲಿ ಮಾತ್ರ ನಿರೀಕ್ಷಿಸಿದಷ್ಟು ಇಳಿಯಲಿಲ್ಲ. ಅಲ್ಲಿನ ಕಾಯುವಿಕೆಯೆಲ್ಲ ಡ್ರೈವಿನದಲ್ಲ: 2021ರಲ್ಲಿ ಹೊರಗಿನ ಪ್ರೋಗ್ರಾಮರ್ ಒಬ್ಬರು ಆ ಆಟ ಒಂದು ದೊಡ್ಡ ಪಟ್ಟಿಯನ್ನು ಓದುವ ಕ್ರಮದಲ್ಲಿಯೇ ದೋಷವಿದೆಯೆಂದು ಕಂಡುಹಿಡಿದು, ಕಂಪನಿ ಅದನ್ನು ಒಪ್ಪಿ ಸರಿಪಡಿಸಿತ್ತು. ಅಂಥ ಕಡೆ ಪ್ರೊಸೆಸರ್ ಮತ್ತು ಸರ್ವರಿನ ಕೆಲಸ ನಡೆಯುವಾಗ ಎಷ್ಟು ವೇಗದ ಎಸ್‌ಎಸ್‌ಡಿಯೂ ಏನೂ ಮಾಡಲಾರದು. ಸೆಕೆಂಡಿಗೆ ಎಷ್ಟು ಫ್ರೇಮು ಎಂಬ ಲೆಕ್ಕವೂ ಏರುವುದಿಲ್ಲ, ಅದು ಗ್ರಾಫಿಕ್ಸ್ ಕಾರ್ಡಿನ ಮಾತು. ನಾನು ಎಣಿಸದೆ ಸಿಕ್ಕ ಲಾಭವೆಂದರೆ ಅಪ್‌ಡೇಟುಗಳದ್ದು: ಇಳಿಸಿಕೊಂಡದ್ದು ಕಡಿಮೆಯಿದ್ದರೂ ದೊಡ್ಡ ಫೈಲುಗಳನ್ನು ಮತ್ತೆ ಬರೆಯುವ ಹಂತದಲ್ಲಿ ಹಾರ್ಡ್ ಡಿಸ್ಕ್ ಬಹಳ ಹೊತ್ತು ಒದ್ದಾಡುತ್ತಿತ್ತು, ಈಗ ಆ ಹಂತ ಬೇಗ ಮುಗಿಯುತ್ತದೆ. ಅದಕ್ಕೆಂದೇ ಡ್ರೈವಿನಲ್ಲಿ 150 ಜಿಬಿಯಷ್ಟು ಜಾಗವನ್ನು ಖಾಲಿ ಬಿಟ್ಟಿದ್ದೇವೆ.

ಎಸ್‌ಎನ್580ಗೆ ತನ್ನದೇ ತಾತ್ಕಾಲಿಕ ನೆನಪಾದ ಡಿರ್‍ಯಾಮ್ ಇಲ್ಲ, ಕಂಪ್ಯೂಟರಿನ ರ್‍ಯಾಮಿನ ಸಣ್ಣ ಪಾಲನ್ನು ಬಳಸಿಕೊಳ್ಳುತ್ತದೆ. ವಿಡಿಯೊ ಸಂಕಲನದಂಥ ಬರವಣಿಗೆಯ ಭಾರ ಇರುವವರು ಇದನ್ನು ಯೋಚಿಸಬೇಕು, ಆಟಕ್ಕೆ ಇದು ಕೊರತೆಯಲ್ಲ. 1 ಟಿಬಿಯ ಈ ಮಾದರಿಗೆ ಕೊಟ್ಟಿರುವ ಬಾಳಿಕೆಯ ಮಿತಿ 600 ಟಿಬಿ ಬರವಣಿಗೆ. ದಿನಕ್ಕೆ 50 ಜಿಬಿ ಬರೆದರೂ ಅದು ಮುಗಿಯಲು 30 ವರ್ಷಕ್ಕೂ ಹೆಚ್ಚು ಬೇಕು.

ಹಾರ್ಡ್ ಡಿಸ್ಕನ್ನು ನಾವು ತೆಗೆದುಹಾಕಿಲ್ಲ. ಹಳೆಯ ಸಣ್ಣ ಆಟಗಳು, ಮನೆಯ ಫೋಟೋಗಳು ಅದರಲ್ಲಿಯೇ ಇವೆ, ಆಡಿ ಮುಗಿಸಿದ ದೊಡ್ಡ ಆಟಗಳನ್ನೂ ಅಳಿಸದೆ ಅಲ್ಲಿಗೇ ಮರಳಿಸುತ್ತೇವೆ. ರೆಡ್ ಡೆಡ್ ಮುಗಿದ ಮೇಲೆ ತಮ್ಮ ಅದನ್ನು ಹಾಗೆಯೇ ಹಿಂದಕ್ಕೆ ಕಳಿಸಿದ್ದಾನೆ. ದೀಪಾವಳಿ ರಜೆಗೆ ಮಾವನ ಮಗ ಬಂದಾಗ ಬೇಕೆಂದರೆ ಅರ್ಧ ಗಂಟೆಯಲ್ಲಿ ಎಸ್‌ಎಸ್‌ಡಿಗೆ ಬರುತ್ತದೆ.